ಇಲ್ಲದ ರಾಣಿಯ ಹೆಸರು

ಮೊಮ್ಮಗಳಿಗೆ ಸೊಸೆ ಮೊಬೈಲಿನಲ್ಲಿ ಹೆಸರು ಹುಡುಕಿದಳು. ಒಂದು ಸಿಕ್ಕಿತು. ಅದು ಹೊಯ್ಸಳರ ರಾಣಿಯೊಬ್ಬಳ ಹೆಸರು, ಹಳೇಬೀಡಿನ ಶಾಸನದಲ್ಲಿದೆ ಎಂದು ಅದರಲ್ಲಿ ಬರೆದಿತ್ತಂತೆ. ನಮ್ಮಲ್ಲಿ ಮಗುವಿನ ಕಿವಿಯಲ್ಲಿ ಮೊದಲು ಹೆಸರು ಹೇಳುವವಳು ಅಜ್ಜಿ. ಗೊತ್ತಿಲ್ಲದ್ದನ್ನು ಹೇಳಲು ಮನಸ್ಸಾಗದೆ ನಮ್ಮೂರು ಕಣಕಟ್ಟೆಯಿಂದ ಬಸ್ಸು ಹತ್ತಿ ಹಳೇಬೀಡಿಗೆ ಹೋದೆ. ಅಲ್ಲಿ ಶಾಸನ ಓದಬಲ್ಲ ಹಳೆಯ ಮೇಷ್ಟ್ರೊಬ್ಬರು ನಕ್ಕುಬಿಟ್ಟರು.

"ಅಂಥ ರಾಣಿ ಯಾವ ಕಲ್ಲಲ್ಲೂ ಇಲ್ಲ. ನೀವೂ ಮೊಬೈಲ್ ನಂಬ್ಕೊಂಡು ಬಂದ್ರಾ?"

ಮೈಯೆಲ್ಲ ಉರಿಯಿತು. ಮನೆಗೆ ಬಂದು ಹೇಳಿದರೆ ಸೊಸೆ, "ಹೋಗ್ಲಿ ಬಿಡಿ ಅತ್ತೆ, ಕೇಳೋಕೆ ಚೆನ್ನಾಗೈತಲ್ಲ" ಎಂದಳು.

"ಚೆನ್ನಾಗಿದ್ರೆ ಇಡು. ಆದ್ರೆ ಕೂಸಿಗೆ ಆ ರಾಣಿ ಕತೆ ಹೇಳಬ್ಯಾಡ ಕಣೇ. ನಾಳೆ ಸ್ಕೂಲಲ್ಲಿ ಕೂಸನ್ನ ನೋಡಿ ನಗ್ತಾರೆ, ನಿನ್ನ ಮೊಬೈಲ್ ನೋಡಿ ಅಲ್ಲ."

ತೊಟ್ಟಿಲ ದಿನ ಕಿವಿಯಲ್ಲಿ ಹೆಸರು ಹೇಳಿದೆ. ಬಂದವರು ಅರ್ಥ ಕೇಳಿದಾಗ, "ಕೂಸಿನ ಅವ್ವನಿಗೆ ಇಷ್ಟವಾದ ಹೆಸರು, ಅಷ್ಟೇ" ಎಂದೆ. ರಾಣಿಯ ಮಾತೆತ್ತಲಿಲ್ಲವೆಂದು ಸೊಸೆ ಮುಖ ಊದಿಸಿಕೊಂಡಳು.