ಕಾದ ದಿನಗಳ ಬಡ್ಡಿ

ನಮ್ಮ ದೇವರ ಕೋಣೆಯ ಗೂಡಿನಲ್ಲಿ ಬಿದಿರಿನ ಒಂದು ಪುಟ್ಟಿಯಿದೆ, ಅದರ ತುಂಬ ದೀಪದ ಬತ್ತಿಗಳು. ಮಿತ್ರರೇ, ನೀವು ಬೈಲಹೊಂಗಲದ ನಮ್ಮ ಮನೆಗೆ ಬಂದು ಅವನ್ನು ಕಂಡರೆ ನಕ್ಕೀರಿ. ಪ್ರತಿಯೊಂದೂ ಒಂದು ತುದಿಯಲ್ಲಿ ದಪ್ಪ, ಇನ್ನೊಂದರಲ್ಲಿ ಇಲಿಯ ಬಾಲದಷ್ಟು ಸಣ್ಣ. ಪೇಟೆಯಿಂದ ಬೇರೆ ತರೋಣವೆಂದರೆ ನನ್ನ ಹೆಂಡತಿ ಒಂದೇ ನೋಟದಲ್ಲಿ ನನ್ನ ವಕೀಲಿಕೆಯನ್ನೆಲ್ಲ ಸುಮ್ಮನಾಗಿಸುತ್ತಾಳೆ. ಬತ್ತಿಗೆ ಎರಡು ಕೈ ಬೇಕು, ಅರಳೆ ಎಳೆಯಲು ಒಂದು, ಹೊಸೆಯಲು ಒಂದು. ಇವನ್ನು ಹೊಸೆದವಳಿಗೆ ಇರುವುದು ಒಂದೇ.

ಅವಳು ನಮ್ಮ ಓಣಿಯ ನೀಲವ್ವ. ಗಂಡ ತೀರಿಕೊಂಡ ಮೇಲೆ ಸಂಗೊಳ್ಳಿಯ ದಾರಿಯಲ್ಲಿದ್ದ ತುಂಡು ಹೊಲವನ್ನು ತಾನೇ ನೋಡಿಕೊಂಡು, ಹತ್ತಿಯ ಸುಗ್ಗಿಯಲ್ಲಿ ಊರಿನ ಗಿರಣಿಗೂ ಹೋಗುತ್ತಿದ್ದಳು. ಕಾಳು ಬೇರೆ, ಅರಳೆ ಬೇರೆ ಮಾಡುವ ಯಂತ್ರದ ಬಾಯಿಗೆ ಹತ್ತಿ ಒಡ್ಡುವುದು ಅಲ್ಲಿ ಅವಳ ಕೆಲಸ. ಒಂದು ಮಧ್ಯಾಹ್ನ ಅದರ ಉರುಳೆಗಳು ಹತ್ತಿಯ ಜೊತೆಗೆ ಅವಳ ಬಲಗೈಯನ್ನೂ ಎಳೆದುಕೊಂಡವು. ಮೊಣಕೈಯಿಂದ ಕೆಳಗೆ ಏನೂ ಉಳಿಯಲಿಲ್ಲ.

ಕೆಲಸದಲ್ಲಿ ಗಾಯಗೊಂಡವರಿಗೆ ಮಾಲೀಕ ಪರಿಹಾರ ಕೊಡಬೇಕೆಂಬ ಕಾಯಿದೆ ಆಗಷ್ಟೇ ಬಂದಿತ್ತು. ಕಾಯಿದೆಯೂ ಹೊಸದು, ವಕೀಲನಾಗಿ ನಾನೂ ಹೊಸಬ. ಅದರ ಮೇಲೆ ನನಗೆ ಅಪಾರ ಭರವಸೆ. ಗಿರಣಿಯ ಸಾವುಕಾರರು ಇಂಥ ಅಪಘಾತಗಳಿಗೆಂದೇ ಮುಂಬಯಿಯ ಒಂದು ವಿಮಾ ಕಂಪನಿಗೆ ಕಂತು ಕಟ್ಟಿದ್ದರು, ಹಾಗಾಗಿ ಹೊರೆ ಕಂಪನಿಯದು. ಕಂಪನಿಯ ಮನುಷ್ಯನೊಬ್ಬ ಬಂದು, ಸಾವುಕಾರರ ಎದುರಿಗೇ, ತಪ್ಪು ಯಾರದೆಂದು ನೀಲವ್ವನನ್ನು ಕೇಳಿದ.

“ಯಾರದೂ ತಪ್ಪಿಲ್ರಿ ಯಪ್ಪಾ, ನಂದ ತಪ್ಪು” ಎಂದಳು.

ನಮ್ಮ ಕಡೆ ಅದು ತಪ್ಪೊಪ್ಪಿಗೆಯಲ್ಲ, ಮರ್ಯಾದೆ. ಬೀಗರು ನಮ್ಮ ಧೋತರದ ಮೇಲೆ ಸಾರು ಚೆಲ್ಲಿದರೂ, ಅಲ್ಲಿ ಕುಳಿತದ್ದು ನಮ್ಮದೇ ತಪ್ಪೆಂದು ಹೇಳಿ ಇನ್ನೊಂದು ರೊಟ್ಟಿ ಬಡಿಸುವ ಜನ ನಾವು. ಕೂಲಿ ಕೊಡುವ ಧಣಿಯ ಮುಖದೆದುರಿಗೇ ಅವರ ಯಂತ್ರಕ್ಕೆ ದೋಷ ಹಚ್ಚುವ ನಾಲಿಗೆ ನೀಲವ್ವನಿಗೆ ಎಲ್ಲಿಂದ ಬರಬೇಕು? ಮುಂಬಯಿಯವನು ಮಾತನ್ನು ಕೇಳಿಸಿಕೊಂಡ, ಮರ್ಯಾದೆಯನ್ನಲ್ಲ. ತಪ್ಪು ಯಾರದೆಂದು ಕಾಯಿದೆ ಕೇಳುವುದಿಲ್ಲ, ಬೇಕೆಂದೇ ಹುಕುಂ ಮೀರಿದ್ದರೆ ಮಾತ್ರ ಪರಿಹಾರ ತಪ್ಪುತ್ತದೆ. ಕಂಪನಿ ಅವಳ ಮಾತಿಗೆ ಅದೇ ಅರ್ಥ ಹಚ್ಚಿ ಕೂತಿತು.

ಹೀಗೆ ಬೆಳಗಾವಿಯಲ್ಲಿ ವಿಚಾರಣೆ ಎಳೆಯುತ್ತ ಹೋಯಿತು. ನೀಲವ್ವ ಸಾವುಕಾರರ ಬಾಗಿಲಿಗೆ ಹೋದಾಗಲೆಲ್ಲ ಅವರದು ಒಂದೇ ಮಾತು: “ಇಲ್ಲ ಅನ್ನಾಂಗಿಲ್ಲವಾ, ಕೊಡತಾರ. ಒಂದೀಟ ಕಾಯಿ.”

ಕಾಯುವವರು ಕಾದರೂ ಕಳೆ ಕಾಯುವುದಿಲ್ಲ. ನಮ್ಮ ಹೆಂಗಸರಲ್ಲಿ ಮುಯ್ಯಾಳಿನ ಪದ್ಧತಿಯುಂಟು: ಇಂದು ನೀನು ನನ್ನ ಹೊಲದಲ್ಲಿ ಕಳೆ ತೆಗೆದರೆ ನಾಳೆ ನಾನು ನಿನ್ನ ಹೊಲಕ್ಕೆ ಬಂದು ತೀರಿಸಬೇಕು. ಓಣಿಯ ಹೆಂಗಸರು ನೀಲವ್ವನ ಹೊಲದಲ್ಲಿ ಕಳೆ ತೆಗೆದರು, ಹತ್ತಿ ಬಿಡಿಸಿದರು, ಮರುವರ್ಷವೂ ಬಿಡಿಸಿದರು. ಮುಯ್ಯಿ ತೀರಿಸೆಂದು ಒಬ್ಬಳೂ ಬಾಯಿಬಿಡಲಿಲ್ಲ. ಆ ಮೌನವೇ ಅವಳನ್ನು ಸುಟ್ಟಿತು. ಬಾವಿಗೆ ಬಂದರೆ ತಲೆಯೆತ್ತಿ ಯಾರ ಮುಖವನ್ನೂ ನೋಡುತ್ತಿರಲಿಲ್ಲ.

ಕಡೆಗೂ ತೀರ್ಪು ನಮ್ಮ ಕಡೆಗಾಯಿತು. ತಡವಾದ ಕಾಲಕ್ಕೆ ಬಡ್ಡಿಯೂ ಬೇಕೆಂದು ನಾನು ಎದ್ದು ನಿಂತೆ. ತಾವು ವಿಮೆ ಕೊಟ್ಟದ್ದು ಗಾಯಕ್ಕೆ, ವಿಳಂಬಕ್ಕಲ್ಲ ಎಂದಿತು ಕಂಪನಿ. ಕಂತು ಕಟ್ಟಿದ ಮೇಲೆ ತಮಗೇನು ಸಂಬಂಧವೆಂದರು ಸಾವುಕಾರರು. ಕಾಯಿದೆಯಲ್ಲಿ ಅಂಥ ಮಾತೇ ಇಲ್ಲವೆಂದು ವಿಚಾರಣೆ ನಡೆಸಿದ ಅಧಿಕಾರಿಗಳು ಕಡತ ಕಟ್ಟಿದರು. ಕೈಗೆ ಬೆಲೆ ಸಿಕ್ಕಿತು, ಕಾದದ್ದು ಯಾರ ಪಾಲಿಗೂ ಸೇರದೆ ನಡುವೆ ಬಿದ್ದುಹೋಯಿತು.

“ಕೈಯ ರೊಕ್ಕ ಬಂತ್ರಿ ವಕೀಲ್ರ” ಎಂದಳು ನೀಲವ್ವ ಹೊರಗೆ. “ಕಾದದ್ದು ಯಾರು ಕೊಡತಾರ? ಓಣ್ಯಾಗಿನ ಹೆಣ್ಮಕ್ಕಳಿಗೆ ನಾ ಹ್ಯಾಂಗ ಮುಖಾ ತೋರಸ್ಲಿ?”

ನನಗೆ ಸಿಟ್ಟು ಬಂತು. ಅದು ಇಂದಿಗೂ ಇದೆ. ಬಡ್ಡಿಯೆಂದರೆ ಲೇವಾದೇವಿಗಾರನ ದುರಾಸೆಯೆಂದು ಮೂಗು ಮುರಿಯುತ್ತಿದ್ದವನು ನಾನು. ಕಾದ ಕಾಲವೂ ಒಬ್ಬರ ಬಾಳಿನದೇ ತುಂಡು, ಅದನ್ನು ಬಳಸಿಕೊಂಡವರು ಬಳಸಿಕೊಂಡೆವೆಂದು ಒಪ್ಪಲೇಬೇಕು. ಬಡ್ಡಿಯ ಒಳಗೆ ಇಂಥ ನ್ಯಾಯವೂ ಅಡಗಿದೆಯೆಂದು ಅಂದು ತಿಳಿಯಿತು. ನಮ್ಮ ಹೆಂಗಸರು ಅದನ್ನು ಮುಯ್ಯಿ ಎನ್ನುತ್ತಾರೆ.

ಆ ವರ್ಷದಿಂದ ನೀಲವ್ವ ಅರಳೆಯನ್ನು ಕಾಲ್ಬೆರಳುಗಳ ನಡುವೆ ಹಿಡಿದು, ಎಡಗೈಯಿಂದ ಕಾಲಿನ ಮೇಲೆ ಬತ್ತಿ ಹೊಸೆಯತೊಡಗಿದಳು. ತನ್ನ ಹೊಲದಲ್ಲಿ ದುಡಿದವರ ಮನೆಮನೆಗೂ ಪುಟ್ಟಿ ತುಂಬ ಬತ್ತಿ ಕೊಟ್ಟಳು, ಮುಗಿದಂತೆಲ್ಲ ತುಂಬಿಸಿದಳು. ನನ್ನ ಹೆಂಡತಿಯೂ ಅಂದು ಸೆರಗು ಕಟ್ಟಿ ಆ ಹೊಲದಲ್ಲಿ ಹತ್ತಿ ಬಿಡಿಸಿದವಳು. ಬಾವಿಯ ಕಟ್ಟೆಯಲ್ಲಿ ನೀಲವ್ವನ ನಗು ಮತ್ತೆ ಕೇಳಿಬಂತು.

ಆ ಬತ್ತಿ ಬೆಳಗಿನ ತನಕ ಉರಿಯುತ್ತದೆಂದು ಊರಲ್ಲಿ ಹೆಸರಾಯಿತು. ಹೋದ ದೀಪಾವಳಿಗೆ ಮುಂಚೆ ನಾನು ಅವಳ ಮನೆಯ ಕಟ್ಟೆಯ ಮೇಲೆ ಕುಳಿತಿದ್ದಾಗ ಸಾವುಕಾರರ ಮನೆಯ ಆಳು ಬಂದು, ಅವರಿಗೂ ಒಂದು ಪುಟ್ಟಿ ಬೇಕಂತೆ ಎಂದ. ನೀಲವ್ವ ಹೊಸೆಯುವುದನ್ನು ನಿಲ್ಲಿಸಲಿಲ್ಲ.

“ಇಲ್ಲ ಅನ್ನಾಂಗಿಲ್ಲ, ಕೊಡತೇನಿ ಅಂತ ಹೇಳಪಾ” ಎಂದಳು. “ಒಂದೀಟ ಕಾಯ್ರಿ ಅನ್ನು.”

ಆ ಸಂಜೆ ನಾನೇ ನಮ್ಮ ದೇವರ ಕೋಣೆಯ ಪುಟ್ಟಿಯಿಂದ ಒಂದು ಬತ್ತಿ ತೆಗೆದು, ಉರಿ ದೊಡ್ಡದಾಗಲೆಂದು ದಪ್ಪ ತುದಿಯನ್ನು ಹೊರಗಿಟ್ಟು ದೀಪ ಹಚ್ಚಿದೆ.