ಚಳಿ ಕುಡಿದ ಹೂ

ನೀವು ನಂಬುವುದಿಲ್ಲ, ಬೇಕಾದರೆ ಪಂದ್ಯ ಕಟ್ಟಿ: ಚಿನ್ನದ ಗಣಿಯೂರು ಚಾಂಪಿಯನ್ ರೀಫ್ಸ್‌ನ ನಮ್ಮ ಪಕ್ಕದ ಮನೆಯ ಅಕ್ಕ ಫ್ರಿಜ್ಜಿನಲ್ಲಿ ಹೂವಿನ ಗಿಡ ಸಾಕಿದಳು. ಲಿಲಿ ಆಫ್ ದಿ ವ್ಯಾಲಿ, ಚಳಿದೇಶದ ಹೂ. ಊಟಿಯಿಂದ ತರಿಸಿದ ಬೇರುಗಡ್ಡೆಗಳನ್ನು ಒದ್ದೆ ಗೋಣಿಯಲ್ಲಿ ಸುತ್ತಿ, ದೀಪಾವಳಿಯಂದು ಮೊಸರಿನ ಪಾತ್ರೆಯನ್ನು ಆಚೆಗಿಟ್ಟು ಆ ಜಾಗದಲ್ಲಿ ಮಲಗಿಸಿದಳು. ಯಾರು ಕೇಳಿದರೂ ಸೆರಗು ಸಿಕ್ಕಿಸಿಕೊಂಡು ಒಂದೇ ಮಾತು: "ಮೊದ್ಲು ಚಳಿ ಕುಡಿಸ್ಬೇಕು, ಆಮೇಲೆ ನೀರು."

"ಅಕ್ಕಾ, ನಮ್ ಬಿಸ್ಲಲ್ಲಿ ಇದು ಊವ ಬಿಟ್ರೆ ನನ್ ಮೀಸೆ ಬೋಳಿಸ್ಕಂತೀನಿ!" ಎಂದೆ. ಇಡೀ ಬೀದಿಗೇ ದಪ್ಪ ಮೀಸೆ ನನ್ನದು.

"ಓಗ್ಲಾ, ಕತ್ತಿ ಮಸ್ಕೊ," ಎಂದಳು.

ಸಂಕ್ರಾಂತಿಗೆ ಗಡ್ಡೆಗಳನ್ನು ಎರಡು ಕುಂಡಗಳಿಗೆ ಎಲೆಗೊಬ್ಬರ ತುಂಬಿ, ಮೊಳಕೆಯ ತುದಿ ಮಣ್ಣಿನ ಮಟ್ಟಕ್ಕೆ ಬರುವಂತೆ ನೆಟ್ಟಳು. ಬಿಸಿಲು ತಾಗದ ಎಮ್ಮೆ ಕೊಟ್ಟಿಗೆಯ ಹಿಂದಿಟ್ಟು, ಮಣ್ಣು ಒಣಗಲು ಬಿಡಲಿಲ್ಲ. ನಾನು ದಿನಾ ಹೋಗಿ ಇಣುಕಿ, ಮೀಸೆ ತಿರುವಿ ಬರುತ್ತಿದ್ದೆ.

ಶಿವರಾತ್ರಿಯ ಹೊತ್ತಿಗೆ ಬೇಲಿಯಾಚೆಯಿಂದ ಕೂಗು: "ಬಾರ್ಲಾ ಇಲ್ಲಿ! ಸೋಪೂ ತಗೊಂಡ್ ಬಾ!"

ಎರಡೂ ಕುಂಡಗಳಲ್ಲಿ ಬಿಳಿ ಗೆಜ್ಜೆಯಂಥ ಹೂಗಳು ತೂಗುತ್ತಿದ್ದವು. ಅಕ್ಕನೇ ಕನ್ನಡಿ ಹಿಡಿದಳು.

ಇದರಲ್ಲಿ ಸುಳ್ಳು ಒಂದೇ. ಹೂ ಬಿಟ್ಟಿದ್ದು ಒಂದು ಕುಂಡದಲ್ಲಿ ಮಾತ್ರ. "ಅಂಗಾದ್ರೆ ಅರ್ಧ ಮೀಸೆ ಸಾಕಲ್ವಾ ಅಕ್ಕಾ?" ಎಂದು ವಾದಿಸಿಯೂ ನೋಡಿದೆ. ಹೋಗಿದ್ದು ಪೂರ್ತಿ.