ಅಂಗೈ ಮೇಲಿನ ಚುಕ್ಕಿಮೀನು

ಮನುಷ್ಯರ ಎದೆಯ ಮೇಲೆ ಒಂದು ಅಂಕಿಯನ್ನು ಅಂಟಿಸಿಬಿಟ್ಟರೆ ಸಾಕು, ಅವರ ವಿಧೇಯತೆ ತಟ್ಟನೆ ವೃದ್ಧಿಯಾಗುತ್ತದೆ. ಹಾನಗಲ್ಲಿನ ಕಾಲೇಜೊಂದರಲ್ಲಿ ಮೂವತ್ತೊಂದು ವರ್ಷ ಪ್ರಾಣಿಶಾಸ್ತ್ರ ಬೋಧಿಸುತ್ತ, ಸಾಲಾಗಿ ನಿಲ್ಲಿರೆಂದು ಗಂಟಲು ಹರಿದುಕೊಂಡರೂ ಒಂದು ದಿನವಾದರೂ ಸರಳರೇಖೆಯ ದರ್ಶನಭಾಗ್ಯ ಕಾಣದ ನನಗೆ ಈ ರಹಸ್ಯ ತಿಳಿದದ್ದು ನಿವೃತ್ತಿಯ ನಂತರ, ಒಂದು ಪ್ರವಾಸಿ ಹಡಗಿನಲ್ಲಿ. ಹಡಗು ಗೋವೆಯ ಬಂದರಿನಲ್ಲಿ ನಿಂತ ಬೆಳಿಗ್ಗೆ, ದಡಕ್ಕಿಳಿದು ಕಡಲಂಚಿನ ಜೀವಿಗಳನ್ನು ನೋಡಲು ಹೊರಟವರಿಗೆಲ್ಲ ‘ಏಳು’ ಎಂಬ ಅಂಕಿಯ ದುಂಡನೆಯ ಹಳದಿ ಚೀಟಿ ಅಂಟಿಸಿದರು. ಬದುಕಿನುದ್ದಕ್ಕೂ ಇತರರನ್ನು ಸಾಲಿನಲ್ಲಿ ನಿಲ್ಲಿಸಿದ್ದ ದೊಡ್ಡ ದೊಡ್ಡವರು ಒಂದೇ ಕ್ಷಣದಲ್ಲಿ ಪ್ರಾಥಮಿಕ ಶಾಲೆಯ ಮಕ್ಕಳಾಗಿ ಒಬ್ಬರ ಬೆನ್ನಿಗೊಬ್ಬರು ನಿಂತರು. ನನ್ನ ಅಕ್ಕ ಗೌರಕ್ಕ ಮಾತ್ರ ತನ್ನ ಇಳಕಲ್ ಸೀರೆಯ ಸೆರಗಿನ ಮೇಲಿನ ಚೀಟಿಯನ್ನು ಬಗ್ಗಿ ನೋಡಿ, “ನಮ್ಮ ಎಮ್ಮಿ ಕಿವಿಗೂ ಹಿಂಗ ಬಿಲ್ಲೆ ಹೊಡದಾರ” ಎಂದಳು. ಕನ್ನಡ ಬಲ್ಲವರು ನಕ್ಕರು. ಬಾರದವರು ಅವರನ್ನು ನೋಡಿ ನಕ್ಕರು.

ಗೌರಕ್ಕ ಹಡಗು ಹತ್ತಿದ್ದೇ ಒಂದು ಆಕಸ್ಮಿಕ. ಹಾನಗಲ್, ಶಿಗ್ಗಾಂವಿ, ಸವಣೂರುಗಳ ನಾವು ಕೆಲವು ನಿವೃತ್ತ ಶಿಕ್ಷಕರು ಸೇರಿ, ಉಳಿದ ಆಯುಷ್ಯದಲ್ಲಿ ಒಮ್ಮೆ ಸಮುದ್ರಯಾನ ಮಾಡುವುದೆಂದು ನಿಶ್ಚಯಿಸಿದ್ದೆವು. ನನ್ನ ಜೊತೆಗೆ ಬರಬೇಕಾಗಿದ್ದವರು ನನ್ನ ಯಜಮಾನರು. ಆದರೆ ವರದಾ ನದಿಯ ಸೇತುವೆಯ ಮೇಲೆ ಬಸ್ಸು ಹೋಗುವಾಗಲೂ ಕಣ್ಣು ಮುಚ್ಚಿ ಶಿವನಾಮ ಜಪಿಸುವಷ್ಟು ಧೀರರು ಅವರು; ಹೊರಡಲು ಹದಿನೈದು ದಿನ ಇರುವಾಗ, “ನಿಮ್ಮಕ್ಕನ್ನ ಕರಕೊಂಡ ಹೋಗ. ನಾ ಮನಿ ಕಾಯ್ತೇನಿ” ಎಂದು ತ್ಯಾಗಮೂರ್ತಿಯಾದರು. ಚಿಕ್ಕೇರೂರಿನಲ್ಲಿರುವ ಅಕ್ಕನಿಗೆ ಫೋನು ಮಾಡಿದೆ. ಎಪ್ಪತ್ತರ ಆಸುಪಾಸಿನ ಹೆಂಗಸು, ಮೊಣಕಾಲು ನೋವಿನವಳು, ಒಲ್ಲೆನೆನ್ನುತ್ತಾಳೆ ಎಂದುಕೊಂಡಿದ್ದೆ. ಅವಳು ಕೇಳಿದ್ದು ಒಂದೇ ಪ್ರಶ್ನೆ.

“ಸುಮೀ, ಅಲ್ಲೆ ಚುಕ್ಕಿಮೀನ ಕಾಣ್ತಾವೇನ?”

ನಕ್ಷತ್ರಮೀನಿಗೆ ನಮ್ಮ ಮನೆಯ ಹೆಸರು ಅದು. ಕಾಣಬಹುದು ಎಂದೆ. ಎಂದಮೇಲೆ ಫೋನನ್ನು ಕೈಯಲ್ಲಿ ಹಿಡಿದು ಬಹಳ ಹೊತ್ತು ಹಾಗೆಯೇ ಕೂತೆ. ಯಾಕೆ ಕೂತೆ ಎಂಬುದನ್ನು ಹೇಳಬೇಕಾದರೆ, ಓದುಗರೇ, ನೀವು ನನ್ನೊಂದಿಗೆ ನಲವತ್ತು ವರ್ಷಕ್ಕೂ ಹಿಂದಿನ ಒಂದು ಅಡಿಗೆಮನೆಗೆ ಬರಬೇಕಾಗುತ್ತದೆ.

ನಮ್ಮವ್ವ ಹಾಸಿಗೆ ಹಿಡಿದಾಗ ಗೌರಕ್ಕ ನಾಲ್ಕನೇ ಇಯತ್ತೆಯಲ್ಲಿದ್ದಳು. ಅಂದಿಗೆ ಅವಳ ಶಾಲೆ ಮುಗಿಯಿತು, ಒಲೆ ಶುರುವಾಯಿತು. ನಾನು ಮಾತ್ರ ಓದುತ್ತ ಹೋದೆ. ಹಿರೇಕೆರೂರಿಗೆ ದಿನಾ ಬಸ್ಸಿನಲ್ಲಿ ಓಡಾಡಿ ಕಾಲೇಜು ಕಲಿತೆ. ಸಂಜೆ ಅವಳು ರೊಟ್ಟಿ ಬಡಿಯುವಾಗ ಒಲೆಯ ಬದಿಗೆ ಕೂತು ನಾನು ಪಾಠ ಉರು ಹೊಡೆಯುತ್ತಿದ್ದೆ. ಇಂಗ್ಲಿಷಿನಲ್ಲಿ ಓದಿದ್ದು ತಲೆಯಲ್ಲಿ ನಿಲ್ಲಲೆಂದು ಅದನ್ನೇ ಮತ್ತೆ ಕನ್ನಡದಲ್ಲಿ ಅಕ್ಕನಿಗೆ ಹೇಳುವುದು. ಅವಳು ರೊಟ್ಟಿಯ ಲಯ ತಪ್ಪಿಸದೆ ‘ಹೂಂ’ ಅನ್ನುವುದು. ನನ್ನ ಪಾಲಿಗೆ ಅವಳು ಹೂಂಗುಟ್ಟುವ ಒಂದು ಗೋಡೆಯಾಗಿದ್ದಳು. ಇದನ್ನು ಬರೆಯುವಾಗ ನಾಚಿಕೆಯಾಗುತ್ತದೆ, ಆದರೆ ನಿಜ.

ಪದವಿಯ ಎರಡನೇ ವರ್ಷ, ಸಮುದ್ರಜೀವಿಗಳ ಅಧ್ಯಯನಕ್ಕೆಂದು ನಮ್ಮ ತರಗತಿಯವರು ಮೂರು ದಿನ ಕರಾವಳಿಗೆ ಹೋಗುವುದೆಂದಾಯಿತು. ಮೆಣಸಿನಕಾಯಿ ಬಿಡಿಸುವ ಕಾಲ. ಹೆಣ್ಣುಹುಡುಗಿಗೆ ಸಮುದ್ರ ಯಾಕೆ ಎಂದು ಅಪ್ಪ ತಕರಾರು ತೆಗೆದ. ಅಪ್ಪನೆದುರು ಎಂದೂ ದನಿ ಎತ್ತದ ಗೌರಕ್ಕ ಅಂದು ಬಾಗಿಲ ಚೌಕಟ್ಟು ಹಿಡಿದು ನಿಂತು, “ಆಕಿ ಓದಾಕ ಹೊಂಟಾಳ, ಮೆರಿಯಾಕ ಅಲ್ಲ. ಆಕಿ ಪಾಲಿನ ಮೆಣಸಿನಕಾಯಿ ಸಾಲೂ ನಾನ ಬಿಡಸ್ತೇನಿ, ಕಳಸ” ಎಂದಳು. ನಾನು ಹೋದೆ.

ಹೋದದ್ದೇನೋ ಹೋದೆ. ಘಟ್ಟದ ತಿರುವುಗಳಲ್ಲಿ ಬಸ್ಸು ಇಳಿದಂತೆ ನನ್ನ ಹೊಟ್ಟೆ ಏರುತ್ತ ಬಂತು. ವಾಂತಿ, ಮೇಲಿಂದ ಜ್ವರ. ಗೆಳತಿಯರು ಕಲ್ಲುಬಂಡೆಗಳ ಮೇಲೆ ಪ್ರಕೃತಿಯ ಸಾಕ್ಷಾತ್ಕಾರ ಮಾಡಿಕೊಳ್ಳುತ್ತಿದ್ದಾಗ ನಾನು ತಂಗಿದ್ದ ಕೋಣೆಯಲ್ಲಿ ಚಾದರ ಹೊದ್ದು ಬಿದ್ದಿದ್ದೆ. ಕಿಟಕಿಯಲ್ಲಿ ಸಮುದ್ರವೂ ಕಾಣುತ್ತಿರಲಿಲ್ಲ. ಪಕ್ಕದ ಮನೆಯವರು ಒಣಹಾಕಿದ ಪಂಚೆಯೊಂದು ಮೂರು ದಿನವೂ ಕಂಡಿತು. ಗೆಳತಿಯರು ಗಾಜಿನ ಭರಣಿಯಲ್ಲಿ ತಂದ ಸತ್ತ ಜೀವಿಗಳಷ್ಟೇ ನನ್ನ ಪಾಲಿನ ಕಡಲು.

ಊರಿಗೆ ಬಂದಾಗ ಗೌರಕ್ಕ ಹೊಲದಿಂದ ಆಗಷ್ಟೇ ಮರಳಿದ್ದಳು. ಮೆಣಸಿನಕಾಯಿ ಬಿಡಿಸಿ ಬಿಡಿಸಿ ಅವಳ ಬೆರಳುಗಳು ಉರಿಯುತ್ತಿದ್ದವು, ಮಜ್ಜಿಗೆಯ ಪಾತ್ರೆಯಲ್ಲಿ ಎರಡೂ ಕೈ ಅದ್ದಿಕೊಂಡು ನನ್ನ ಮುಂದೆ ಕೂತು, “ಹೇಳ. ಹೆಂಗಿತ್ತ?” ಎಂದಳು. ಆ ಮಜ್ಜಿಗೆಯೊಳಗಿನ ಕೈಗಳನ್ನು ನೋಡುತ್ತ, ನಾನೇನೂ ನೋಡಲಿಲ್ಲ ಅಕ್ಕಾ ಎನ್ನಲು ನನ್ನಿಂದಾಗಲಿಲ್ಲ. ಹೇಳಿದೆ. ಪುಸ್ತಕದಲ್ಲಿದ್ದುದನ್ನೆಲ್ಲ ಹೇಳಿದೆ, ಇಲ್ಲದ್ದನ್ನೂ ಹೇಳಿದೆ. ಕೊನೆಗೆ ಉತ್ಸಾಹ ಮಿತಿಮೀರಿ, ಕೆಂಪನೆಯ ಚುಕ್ಕಿಮೀನೊಂದು ನನ್ನ ಅಂಗೈ ಮೇಲೆ ನಡೆದು ಹೋಯಿತು ಎಂದೂ ಹೇಳಿದೆ. ಗೌರಕ್ಕ ಮಜ್ಜಿಗೆಯಿಂದ ಕೈ ತೆಗೆದು, ಸೆರಗಿಗೆ ಒರೆಸಿಕೊಂಡು, ನನ್ನ ಅಂಗೈಯನ್ನು ದೀಪದ ಕಡೆ ತಿರುಗಿಸಿ ನೋಡಿದಳು.

ಅಂದಿನಿಂದ ಆ ಮೀನು ಊರಿನ ಆಸ್ತಿಯಾಯಿತು. ಬಾವಿಕಟ್ಟೆಯಲ್ಲಿ, ಬಸುರಿಯರ ಕುಬಸದ ಕಾರ್ಯಗಳಲ್ಲಿ, ಬಸ್ಸಿನಲ್ಲಿ ಪಕ್ಕ ಕೂತ ಅಪರಿಚಿತರೆದುರಿಗೆ ಕೂಡ “ನಮ್ಮ ತಂಗಿ ಅಂಗೈ ಮ್ಯಾಲೆ ಚುಕ್ಕಿಮೀನ ನಡದಾಡಿತ್ತ” ಎಂದು ಅಕ್ಕ ಹೇಳಿದ್ದೇ ಹೇಳಿದ್ದು. ನಾನು ಉಪನ್ಯಾಸಕಿಯಾದೆ. ವರ್ಷಕ್ಕೆರಡು ಬಾರಿ ಕಪ್ಪುಹಲಗೆಯ ಮೇಲೆ ಬಣ್ಣದ ಸುಣ್ಣಕಡ್ಡಿಯಲ್ಲಿ ನಕ್ಷತ್ರಮೀನನ್ನು ಸಾಂಗೋಪಾಂಗವಾಗಿ ಬಿಡಿಸಿದೆ. ತೀರ್ಥಯಾತ್ರೆಗೆ ಹೋದಾಗ ಬಸ್ಸಿನ ಕಿಟಕಿಯಿಂದ ಸಮುದ್ರವನ್ನೂ ಕಂಡೆ. ಆದರೆ ಜೀವಂತ ನಕ್ಷತ್ರಮೀನನ್ನು ಮಾತ್ರ ಎಂದೂ ಕಾಣಲಿಲ್ಲ. ಸುಳ್ಳು ಹಳತಾದಷ್ಟೂ ಅದಕ್ಕೆ ಹಿರಿಯರ ಗೌರವ ಬಂದುಬಿಡುತ್ತದೆ. ಎಬ್ಬಿಸಿ ಕಳಿಸಲು ಧೈರ್ಯ ಸಾಲದು.

ಬಂದರಿನಿಂದ ಬಸ್ಸಿನಲ್ಲಿ ಕರೆದೊಯ್ದು ನಮ್ಮನ್ನು ಇಳಿಸಿದ್ದು ಒಂದು ಕಲ್ಲುಬಂಡೆಗಳ ತೀರದಲ್ಲಿ. ಇಳಿತದ ಹೊತ್ತು, ನೀರು ಹಿಂದೆ ಸರಿದು ಬಂಡೆಗಳ ನಡುವೆ ಸಣ್ಣ ಸಣ್ಣ ಹೊಂಡಗಳು ಉಳಿದಿದ್ದವು. ಮಾರ್ಗದರ್ಶಿಯಾಗಿ ಬಂದವಳು ಸುಲಕ್ಷಾ ಎಂಬ ಮೂವತ್ತರ ಹೆಣ್ಣುಮಗಳು. ಕಾರವಾರದ ಕಡೆಯ ಮೀನುಗಾರರ ಮನೆಯವಳಂತೆ. ನಮ್ಮ ಕನ್ನಡ ಕಿವಿಗೆ ಬಿದ್ದದ್ದೇ ಅವಳ ಮುಖ ಅರಳಿತು. ಯಾವುದನ್ನೂ ಎತ್ತಬಾರದು, ಕಲ್ಲು ಮಗುಚಬಾರದು, ನೀರು ಏರತೊಡಗಿದರೆ ಕರೆದ ಕೂಡಲೇ ಬರಬೇಕು ಎಂದು ಎಲ್ಲರಿಗೂ ಹೇಳಿ, ಅಕ್ಕನ ನಡಿಗೆ ನೋಡಿ, “ಅಮ್ಮಾ, ನೀವು ಈ ಕೊಡೆ ಕೆಳಗೆ ಕೂತಿರಿ. ಬಂಡೆ ಜಾರ್ತದೆ” ಎಂದಳು.

“ಕುಂದ್ರಾಕ ನಮ್ಮೂರಾಗ ಕಟ್ಟಿ ಐತಿ ತಂಗೀ” ಎಂದು ಗೌರಕ್ಕ ಸೀರೆಯನ್ನು ಗದ್ದೆಗಿಳಿಯುವವಳಂತೆ ಎತ್ತಿ ಕಟ್ಟಿ, ಚಪ್ಪಲಿ ಬಿಟ್ಟು ಹೊರಟೇಬಿಟ್ಟಳು. ಒದ್ದೆ ಬದುವಿನ ಮೇಲೆ ಅರವತ್ತು ವರ್ಷ ನಡೆದ ಪಾದಗಳಿಗೆ ಬಂಡೆ ಏನೂ ಮಾಡಲಿಲ್ಲ. ಜಾರಿದ್ದು ನಾನು, ಹೊಸ ಬೂಟಿನ ಸಮೇತ, ಸಶಬ್ದವಾಗಿ. ಅಕ್ಕನೇ ರಟ್ಟೆ ಹಿಡಿದು ಎಬ್ಬಿಸಿದಳು.

ಸುಲಕ್ಷಾ ತೋರಿಸುತ್ತ ಹೋದಳು. ಬೇರೊಬ್ಬರು ಬಿಟ್ಟುಹೋದ ಶಂಖದೊಳಗೆ ಸಂಸಾರ ಹೂಡಿದ ಏಡಿ. ನೆರಳು ಬಿದ್ದರೆ ಮುದುಡುವ, ಹೂವಿನಂಥ ಪ್ರಾಣಿ. ಆಮೇಲೆ ಮರಳು ತುಂಬಿದ ಒಂದು ಹೊಂಡದ ಬಳಿ ನಿಂತು ಬಾಗಿದಳು. ನೀರೊಳಗೆ, ಮರಳಿನದೇ ಬಣ್ಣದ, ಅಂಗೈಗಿಂತ ಕಿರಿದಾದ ಐದು ತೋಳಿನ ಜೀವವೊಂದು ಕದಲುತ್ತಿತ್ತು. ಮೂವತ್ತೊಂದು ವರ್ಷ ಬಿಡಿಸಿದ ಚಿತ್ರ ಕದಲುವುದನ್ನು ಕಂಡು ನಾನು ಇನ್ನಷ್ಟು ಬಾಗಿದೆ.

“ಇದರ ಬಾಯಿ ಎಲ್ಲುಂಟು, ಯಾರಿಗಾದ್ರೂ ಗೊತ್ತಾ?” ಎಂದಳು ಸುಲಕ್ಷಾ.

ನಾನು ಆ ತೋಳುಗಳನ್ನೇ ನೋಡುತ್ತಿದ್ದೆ. ಆಗ ನನ್ನ ಪಕ್ಕದಿಂದ, ಯಾವ ಅವಸರವೂ ಇಲ್ಲದೆ, ರೊಟ್ಟಿ ಬಡಿಯುವ ಲಯದಲ್ಲೇ ಉತ್ತರ ಬಂತು.

“ಬಾಯಿ ಕೆಳಗ. ತಲಿ ಇಲ್ಲ, ಮಿದುಳ ಇಲ್ಲ, ರಕ್ತ ಇಲ್ಲ. ಮೈಯಾಗೆಲ್ಲ ನೀರ ಹರೀತೈತಿ. ನಾಳಪಾದ ಅಂತ ಇರ್ತಾವ, ಅದರಲೆ ನಡೀತೈತಿ. ತೋಳ ಹರದ್ರ ಮತ್ತ ಬೆಳೀತೈತಿ. ಕಂಟಕಚರ್ಮಿ.”

ಸುಲಕ್ಷಾ ಬೆರಗಾದಳು. “ಅಮ್ಮಾ, ನೀವು ಟೀಚರಾ?”

“ನಾ ಅಲ್ಲವಾ. ಟೀಚರ ಈಕಿ. ಈಕಿ ಓದ್ತಿದ್ಲು, ನಾ ರೊಟ್ಟಿ ಬಡಕೋಂತ ಕೇಳ್ತಿದ್ನಿ” ಎಂದು ಅಕ್ಕ ನನ್ನ ಹೆಗಲ ಮೇಲೆ ಕೈಯಿಟ್ಟಳು. ಆ ಹೆಮ್ಮೆಯಲ್ಲಿ ಅವಳಿಗೆ ತಡೆಯಲಾಗಲಿಲ್ಲ. “ಈಕಿ ಅಂಗೈ ಮ್ಯಾಲೆ ಕೆಂಪಂದು ನಡದಾಡಿತ್ತ, ಗೊತ್ತೇನ?”

“ಕೆಂಪು?” ಸುಲಕ್ಷಾ ಮುಗ್ಧವಾಗಿ ನನ್ನ ಕಡೆ ತಿರುಗಿದಳು. “ಈ ದಡದಲ್ಲೆಲ್ಲ ನಾನು ಅಂಥದು ಕಂಡೇ ಇಲ್ಲ. ಎಲ್ಲಿ ಸಿಕ್ತು ಮೇಡಂ?”

ನಾನು ಅಲ್ಲೇ ಬಂಡೆಯ ಮೇಲೆ ಕೂತು ಬೂಟಿನ ಮರಳು ಝಾಡಿಸತೊಡಗಿದೆ. ಅವಳು ಉಳಿದವರನ್ನು ಕರೆದುಕೊಂಡು ಮುಂದಿನ ಹೊಂಡಕ್ಕೆ ಹೋದಳು. ನಾವಿಬ್ಬರೇ ಉಳಿದೆವು. ಹೂಂಗುಟ್ಟುವ ಗೋಡೆ ಎಂದುಕೊಂಡಿದ್ದವಳು ಒಂದಕ್ಷರ ಬಿಡದೆ ನನ್ನ ಪಾಠವನ್ನೆಲ್ಲ ಎದೆಯಲ್ಲಿಟ್ಟುಕೊಂಡಿದ್ದಳು; ನಾನು ಅವಳಿಗೆ ಹೇಳಿಕೊಟ್ಟಿದ್ದರಲ್ಲಿ ಒಂದು ಮಾತ್ರ ಸುಳ್ಳಾಗಿತ್ತು. ಅದನ್ನಿನ್ನು ಅಲ್ಲಿ ಉಳಿಯಗೊಡುವುದು ಸಾಧ್ಯವಾಗಲಿಲ್ಲ.

“ಅಕ್ಕಾ, ಆ ಸಲ ನಾ ಏನೂ ನೋಡಿಲ್ಲ. ಜ್ವರ ಬಂದ ಮಲಗಿದ್ನಿ. ಅಂಗೈ ಮ್ಯಾಲೆ ನಡದದ್ದ ಸುಳ್ಳ. ಚುಕ್ಕಿಮೀನ ನಾ ನೋಡಾಕತ್ತಿದ್ದ ಇವತ್ತ ಮೊದಲ.”

ಅವಳು ನಗುತ್ತಾಳೆಂದು ನನ್ನೊಳಗಿನ ಯಾವುದೋ ಮೂಲೆ ಆಸೆಪಟ್ಟಿತ್ತು. ಗೌರಕ್ಕ ನಗಲಿಲ್ಲ. ಹೆಗಲ ಮೇಲಿನ ಕೈ ತೆಗೆದಳು. “ಊರ ತುಂಬ ಹೇಳೇನಲ್ಲ ನಾ” ಎಂದಳು, ನನಗಲ್ಲ, ನೀರಿಗೆ ಹೇಳಿದಂತೆ. ನಂತರ ನನ್ನನ್ನು ಬಿಟ್ಟು ಬಂಡೆ ದಾಟಿ ಅಷ್ಟು ದೂರ ಹೋಗಿ, ಸಮುದ್ರದ ಕಡೆ ಮುಖ ಮಾಡಿ ನಿಂತಳು. ಬದುಕಿನಲ್ಲಿ ಅಕ್ಕ ನನಗೆ ಬೆನ್ನು ತೋರಿಸಿ ನಿಂತದ್ದು ಅದೊಂದೇ ಸಲ. ಹಿಂದೆ ಹೋಗಲೆಂದು ಎದ್ದೆ; ಯಾವ ಮುಖ ಹೊತ್ತು ಹೋಗಲೆಂದು ಮತ್ತೆ ಕೂತೆ.

ನೀರು ಏರತೊಡಗಿತ್ತು. ಸುಲಕ್ಷಾ ಕೈಬೀಸಿ ಎಲ್ಲರನ್ನೂ ಕರೆದಳು. ಆಗ ಗೌರಕ್ಕ ತಿರುಗಿ ಬಂದಳು. ದಡದ ಕಡೆಗಲ್ಲ, ಅದೇ ಹೊಂಡದ ಕಡೆಗೆ. ಮೊಣಕಾಲು ಹಿಡಿದುಕೊಂಡು ಮೆಲ್ಲಗೆ ಕುಕ್ಕರಗಾಲಿನಲ್ಲಿ ಕೂತು, “ತಂಗೀ, ಇದನ್ನ ಕೈಯಾಗ ತಗೋಬಹುದೇನ?” ಎಂದು ಸುಲಕ್ಷಾಳನ್ನು ಕೇಳಿದಳು.

“ಎತ್ತುವಂತಿಲ್ಲ ಅಮ್ಮಾ. ನೀರಲ್ಲಿ ಕೈ ಇಟ್ಟು ಸುಮ್ಮನಿರಿ. ಅದಾಗೇ ಬಂದ್ರೆ ಬಂತು. ಐದೇ ನಿಮಿಷ, ನೀರು ಬರ್ತಾ ಉಂಟು.”

ಅಕ್ಕ ಅಂಗೈ ಮೇಲ್ಮುಖವಾಗಿಸಿ ಮರಳಿನ ಮೇಲೆ ಇಟ್ಟಳು. ನನ್ನ ಕಡೆ ನೋಡದೆಯೇ, “ಬಾ ಇಲ್ಲೆ. ನೀನೂ ಇಡ” ಎಂದಳು.

ಇಟ್ಟೆ. ಅವಳ ಕೈಯ ಪಕ್ಕದಲ್ಲಿ ನನ್ನದು. ತಣ್ಣನೆಯ ನೀರು. ಒಂದು ನಿಮಿಷ ಏನೂ ಆಗಲಿಲ್ಲ. ಆಮೇಲೆ ಚುಕ್ಕಿಮೀನು ಒಂದು ತೋಳನ್ನು ಮುಂದೆ ಮಾಡಿ, ಎಲ್ಲೋ ಕೆಲಸವಿದ್ದವರಂತೆ ಜಾರುತ್ತ ಬಂದು, ನನ್ನ ಕಿರುಬೆರಳಿನ ಹತ್ತಿರ ಕ್ಷಣ ತಡೆದು, ದಿಕ್ಕು ಬದಲಿಸಿ, ಗೌರಕ್ಕನ ಅಂಗೈ ಏರಿತು. ಒರಟಾದ ಆ ಗೆರೆಗಳ ಮೇಲೆ ಈ ಬದಿಯಿಂದ ಆ ಬದಿಗೆ ಪೂರ್ತಿ ನಡೆಯಿತು. ಅಕ್ಕ ಉಸಿರು ಬಿಟ್ಟಿರಲಿಲ್ಲ. ಅದು ಇಳಿದು ಮರಳಿನೊಳಗೆ ಮುಳುಗಿ ಮರೆಯಾದ ಮೇಲೂ ಕೈ ತೆಗೆಯಲಿಲ್ಲ. ಅಲೆಯೊಂದು ಬಂದು ಸೀರೆ ತೋಯಿಸಿದಾಗಲೇ ಎದ್ದದ್ದು.

ಬಸ್ಸಿನಲ್ಲಿ ಅವಳು ಕಿಟಕಿಗೆ ಕೂತಳು, ನಾನು ಪಕ್ಕಕ್ಕೆ. ಕ್ಷಮೆ ಕೇಳಬೇಕೆಂದು ಒಳಗೊಳಗೇ ಹಲವು ಬಗೆಯ ವಾಕ್ಯಗಳನ್ನು ಕಟ್ಟಿ, ಬಿಚ್ಚಿ, ಮತ್ತೆ ಕಟ್ಟುತ್ತಿದ್ದೆ. ಕಟ್ಟಿದ್ದೆಲ್ಲ ಭಾಷಣದಂತೆ ಕೇಳುತ್ತಿತ್ತು. ಕಡೆಗೆ ಬಾಯಿಂದ ಬಂದದ್ದು ಅದಾವುದೂ ಅಲ್ಲ.

“ಹೆಂಗಿತ್ತ ಅಕ್ಕಾ?”

ಗೌರಕ್ಕ ನನ್ನತ್ತ ತಿರುಗಿದಳು. ಮುಖದಲ್ಲಿ ಇನ್ನೂ ಸ್ವಲ್ಪ ಸಿಟ್ಟು ಉಳಿದಿತ್ತು. ಆದರೆ ಹೇಳದೆ ಇರಲು ಅವಳಿಂದಲೂ ಆಗುವಂತಿರಲಿಲ್ಲ. ತೋಯ್ದ ಸೆರಗನ್ನು ಹಿಂಡಿ, ಕಾಲು ಮೇಲೆ ಮಡಚಿಕೊಂಡು, ನೆಟ್ಟಗೆ ಕೂತಳು.

“ಹೇಳ್ತೇನಿ. ನಡುವ ಬಾಯಿ ಹಾಕಬ್ಯಾಡ” ಎಂದಳು.

ಬಂದರು ಬರುವವರೆಗೂ ಹೇಳಿದಳು. ನಾನು ಹೂಂ, ಹೂಂ ಎನ್ನುತ್ತ ಕೇಳಿದೆ.